ಸೂರ್ಯಕಾಂತಿ ಬೀಜದ ಧಾರಣೆ ಮತ್ತು ಬಂದರಿನ ಎಣ್ಣೆ ದರ

ಪ್ರಶ್ನೆ: ಗದಗ ಜಿಲ್ಲೆಯ ಎರೆಭೂಮಿಯಲ್ಲಿ ನಾವು ಸೂರ್ಯಕಾಂತಿ ಬೆಳೆಯುತ್ತೇವೆ. ಊರಿನಲ್ಲಿ ನನ್ನ ತಮ್ಮನದೊಂದು ಕಿರಾಣಿ ಅಂಗಡಿಯೂ ಇದೆ. ಸೂರ್ಯಕಾಂತಿ ಎಣ್ಣೆಯ ದರ ಏರಿದೆ ಎಂದು ಅಂಗಡಿಯಲ್ಲಿ ಗಿರಾಕಿಗಳು ಗೊಣಗುವ ತಿಂಗಳಲ್ಲೇ ಎಪಿಎಂಸಿಯಲ್ಲಿ ನಮ್ಮ ಬೀಜವನ್ನು ಬೆಂಬಲ ಬೆಲೆಗಿಂತ ಸಾವಿರ, ಒಂದೂವರೆ ಸಾವಿರ ರೂಪಾಯಿ ಕಡಿಮೆಗೆ ಕೇಳುತ್ತಾರೆ. ದಲಾಲರನ್ನು ವಿಚಾರಿಸಿದರೆ ‘ಆಮದು ಎಣ್ಣೆ ಅಗ್ಗವಾಗಿದೆ’ ಎನ್ನುತ್ತಾರೆ. ಈ ಆಮದು ದರ ಹೇಗೆ ನಿಗದಿಯಾಗುತ್ತದೆ? ಸುಂಕ ಏರಿಸಿದ ಕೂಡಲೇ ಏರುವ ಎಣ್ಣೆ ದರ, ಸುಂಕ ಇಳಿಸಿದಾಗ ಅಷ್ಟೇ ಬೇಗ ಏಕೆ ಇಳಿಯುವುದಿಲ್ಲ? ಬಿತ್ತನೆಗೆ ಮುನ್ನ ನಾವು ಏನನ್ನು ಗಮನಿಸಬೇಕು?

ಉತ್ತರ: ನಿಮ್ಮ ತಮ್ಮನ ಅಂಗಡಿಯ ಎಣ್ಣೆ ದರ ಮತ್ತು ನಿಮ್ಮ ಬೀಜದ ಧಾರಣೆ ಎರಡೂ ಒಂದೇ ಕಡೆ ಹುಟ್ಟುತ್ತವೆ. ಅದು ಹಡಗಿನಿಂದ ಇಳಿದ ಕಚ್ಚಾ, ಅಂದರೆ ಇನ್ನೂ ಶುದ್ಧೀಕರಿಸದ ಅಡುಗೆ ಎಣ್ಣೆ ಸುಂಕ ಕಟ್ಟಿ ಬಂದರಿನಿಂದ ಹೊರಬೀಳುವಾಗ ಬೀಳುವ ದರ. ಗಿರಣಿ ಮಾಲೀಕರಿಗೆ ಎರಡು ದಾರಿಗಳಿವೆ. ನಿಮ್ಮ ಬೀಜವನ್ನು ಕೊಂಡು ಅರೆಯಬಹುದು, ಇಲ್ಲವೇ ಬಂದರಿನಿಂದ ಟ್ಯಾಂಕರಿನಲ್ಲಿ ಕಚ್ಚಾ ಎಣ್ಣೆ ತರಿಸಿ ಶುದ್ಧೀಕರಿಸಿ ಮಾರಬಹುದು. ಎರಡನೆಯ ದಾರಿಯಲ್ಲಿ ಕಿಲೋ ಎಣ್ಣೆ ಎಷ್ಟಕ್ಕೆ ಸಿಗುತ್ತದೆಯೋ ಅದಕ್ಕಿಂತ ಹೆಚ್ಚು ಬೀಳುವಂತೆ ಯಾವ ಗಿರಣಿಯೂ ಬೀಜಕ್ಕೆ ಹಣ ಕೊಡುವುದಿಲ್ಲ. ಆದ್ದರಿಂದ ದಲಾಲರು ಹೇಳಿದ ಮಾತು ಸುಳ್ಳಲ್ಲ, ಆದರೆ ಅರ್ಧ ಮಾತು. ಆಮದು ಎಣ್ಣೆ ಗ್ರಾಹಕರಿಗೆ ದುಬಾರಿ ಎನಿಸುವಾಗಲೂ ಬೆಂಬಲ ಬೆಲೆಯ ಲೆಕ್ಕಕ್ಕೆ ಹೋಲಿಸಿದರೆ ಅಗ್ಗವಾಗಿಯೇ ಇರಬಲ್ಲದು. ಇದನ್ನು ಅಂಕಿಗಳಲ್ಲಿ ನೋಡಿದರೆ ಸ್ಪಷ್ಟವಾಗುತ್ತದೆ.

ಮೊದಲು ಒಟ್ಟು ವಹಿವಾಟಿನ ಗಾತ್ರ ತಿಳಿದಿರಲಿ. ಜಗತ್ತಿನಲ್ಲಿ ಅತಿ ಹೆಚ್ಚು ಖಾದ್ಯ ತೈಲವನ್ನು ಆಮದು ಮಾಡಿಕೊಳ್ಳುವ ದೇಶ ಭಾರತ. ಈ ವ್ಯಾಪಾರದ ವರ್ಷವನ್ನು ನವೆಂಬರ್‌ನಿಂದ ಅಕ್ಟೋಬರ್‌ವರೆಗೆ ಎಣಿಸುತ್ತಾರೆ. ಎಣ್ಣೆ ಉದ್ಯಮದವರ ಸಂಘವಾದ ಸಾಲ್ವೆಂಟ್ ಎಕ್ಸ್‌ಟ್ರಾಕ್ಟರ್ಸ್ ಅಸೋಸಿಯೇಷನ್ ಪ್ರತಿ ತಿಂಗಳೂ ಪ್ರಕಟಿಸುವ ಲೆಕ್ಕದಂತೆ 2020-21ರಲ್ಲಿ ಸುಮಾರು 131 ಲಕ್ಷ ಟನ್ ಎಣ್ಣೆ 1.17 ಲಕ್ಷ ಕೋಟಿ ರೂಪಾಯಿಗೆ ಬಂತು. 2021-22ರಲ್ಲಿ 140 ಲಕ್ಷ ಟನ್ನಿಗೆ 1.57 ಲಕ್ಷ ಕೋಟಿ ತೆತ್ತೆವು. 2022-23ರಲ್ಲಿ ಆಮದು ಸುಮಾರು 165 ಲಕ್ಷ ಟನ್ನಿಗೆ ಏರಿ ದಾಖಲೆಯಾಯಿತು, ಆದರೆ ಬಿಲ್ಲು 1.38 ಲಕ್ಷ ಕೋಟಿಗೆ ಇಳಿಯಿತು. 2023-24ರಲ್ಲಿ ಸುಮಾರು 160 ಲಕ್ಷ ಟನ್ನಿಗೆ 1.32 ಲಕ್ಷ ಕೋಟಿ, 2024-25ರಲ್ಲಿ ಹೆಚ್ಚೂಕಡಿಮೆ ಅಷ್ಟೇ ಎಣ್ಣೆಗೆ 1.61 ಲಕ್ಷ ಕೋಟಿ. ಈ ಮೊತ್ತಗಳನ್ನು ತೂಕದಿಂದ ಭಾಗಿಸಿದರೆ ಐದು ವರ್ಷಗಳ ಸರಾಸರಿ ಆಮದು ದರ ಕಿಲೋಗೆ ಸುಮಾರು 89, 112, 84, 83 ಮತ್ತು 101 ರೂಪಾಯಿ ಎಂದು ಬರುತ್ತದೆ. ತೂಕದ ಏರಿಳಿತ ಸಣ್ಣದು, ದರದ ಏರಿಳಿತ ದೊಡ್ಡದು. ಅಡುಗೆ ಎಣ್ಣೆಯ ಬಳಕೆಯನ್ನು ಮನೆಗಳು ದರ ನೋಡಿ ಹೆಚ್ಚು ಕಡಿಮೆ ಮಾಡಲಾರವು. ಹೀಗಾಗಿ ಹೊರಗಿನ ಬೆಲೆ ಎಷ್ಟಿದ್ದರೂ ನಾವು ಕೊಳ್ಳುತ್ತೇವೆ. ಬೀಜ ಬೆಳೆಯುವವನು ಮಾತ್ರ ಆ ಏರಿಳಿತವನ್ನು ಪೂರ್ತಿಯಾಗಿ ತನ್ನ ಮೇಲೆ ಹೊರಬೇಕಾಗುತ್ತದೆ.

ಈ ಆಮದಿನಲ್ಲಿ ತಾಳೆ ಎಣ್ಣೆಯ ಪಾಲು ದೊಡ್ಡದು. ಅದು ಇಂಡೋನೇಷ್ಯಾ ಮತ್ತು ಮಲೇಷ್ಯಾದಿಂದ ಬರುತ್ತದೆ. ಸೋಯಾ ಎಣ್ಣೆ ಮುಖ್ಯವಾಗಿ ಅರ್ಜೆಂಟೀನಾ ಮತ್ತು ಬ್ರೆಜಿಲ್‌ನಿಂದ ಬರುತ್ತದೆ. ದಕ್ಷಿಣ ಭಾರತದ ಅಡುಗೆಮನೆಗಳಲ್ಲಿ ಹೆಚ್ಚಾಗಿ ಬಳಸುವ ಸೂರ್ಯಕಾಂತಿ ಎಣ್ಣೆಯ ಮೂಲ ಕಪ್ಪು ಸಮುದ್ರದ ಸುತ್ತಲಿನ ಹೊಲಗಳು. ಜಗತ್ತಿನ ಸೂರ್ಯಕಾಂತಿ ಎಣ್ಣೆಯಲ್ಲಿ ಅರ್ಧಕ್ಕಿಂತ ಹೆಚ್ಚನ್ನು ಉಕ್ರೇನ್ ಮತ್ತು ರಷ್ಯಾ ಎರಡೇ ದೇಶಗಳು ತಯಾರಿಸುತ್ತವೆ. ರಫ್ತಿನಲ್ಲಂತೂ ಅವುಗಳ ಪಾಲು ಇನ್ನೂ ಹೆಚ್ಚು. 2022ರ ಫೆಬ್ರವರಿ 24ರಂದು ಯುದ್ಧ ಆರಂಭವಾಗುವವರೆಗೆ ನಮ್ಮ ಸೂರ್ಯಕಾಂತಿ ಎಣ್ಣೆಯಲ್ಲಿ ಹತ್ತರಲ್ಲಿ ಏಳು ಪಾಲು ಉಕ್ರೇನಿನದಾಗಿತ್ತು. ಒಡೆಸಾ ಮೊದಲಾದ ಬಂದರುಗಳು ಮುಚ್ಚಿದ ಮೇಲೆ ಆ ಸ್ಥಾನಕ್ಕೆ ರಷ್ಯಾ ಬಂತು. ರೊಮೇನಿಯಾ ಮತ್ತು ಅರ್ಜೆಂಟೀನಾದಿಂದಲೂ ತರಿಸಬೇಕಾಯಿತು. ವಿಶ್ವಸಂಸ್ಥೆಯ ಆಹಾರ ಮತ್ತು ಕೃಷಿ ಸಂಸ್ಥೆಯ ಸಸ್ಯತೈಲ ಬೆಲೆ ಸೂಚ್ಯಂಕ 2014-16ರ ಸರಾಸರಿಯನ್ನು 100 ಎಂದು ಹಿಡಿಯುತ್ತದೆ. 2022ರ ಮಾರ್ಚ್‌ನಲ್ಲಿ ಅದು ಸುಮಾರು 250ಕ್ಕೆ ಮುಟ್ಟಿ ಹಿಂದಿನ ದಾಖಲೆಗಳನ್ನೆಲ್ಲ ಮುರಿಯಿತು. ಅದರ ಮೇಲೆ ಇಂಡೋನೇಷ್ಯಾ ತನ್ನ ಜನರಿಗೆ ಎಣ್ಣೆ ಸಿಗಲೆಂದು ಏಪ್ರಿಲ್ 28ರಿಂದ ಮೇ 23ರವರೆಗೆ ತಾಳೆ ಎಣ್ಣೆಯ ರಫ್ತನ್ನೇ ನಿಲ್ಲಿಸಿತು. ಆ ವಾರಗಳಲ್ಲಿ ನಮ್ಮ ಊರುಗಳ ಅಂಗಡಿಗಳಲ್ಲಿ ಎಣ್ಣೆಯ ಡಬ್ಬಿ ಎಣಿಸಿ ಕೊಡುವಂತಾದದ್ದು ನಿಮ್ಮ ತಮ್ಮನಿಗೂ ನೆನಪಿರಬಹುದು.

ಈಗ ಬಂದರಿನ ಲೆಕ್ಕಕ್ಕೆ ಬರೋಣ. ಕಚ್ಚಾ ಸೂರ್ಯಕಾಂತಿ ಎಣ್ಣೆಯನ್ನು ಮಾರುವವರು ಹಡಗು ಬಾಡಿಗೆ ಮತ್ತು ವಿಮೆ ಸೇರಿಸಿ, ಭಾರತದ ಬಂದರು ತಲುಪಿಸಿದ ದರವೆಂದು ಡಾಲರ್‌ನಲ್ಲಿ ಹೇಳುತ್ತಾರೆ. ಲೆಕ್ಕ ಸುಲಭವಾಗಲೆಂದು ಅದನ್ನು ಟನ್ನಿಗೆ 1,200 ಡಾಲರ್ ಎಂದೂ ಡಾಲರಿಗೆ 85 ರೂಪಾಯಿ ಎಂದೂ ಹಿಡಿಯೋಣ. ನೀವು ಲೆಕ್ಕ ಹಾಕುವ ದಿನ ಆ ದಿನದ ಅಂಕಿಗಳನ್ನು ಹಾಕಿಕೊಳ್ಳಿ. ಟನ್ನಿಗೆ 1,02,000 ರೂಪಾಯಿ ಆಯಿತು. ಇದರ ಮೇಲೆ ಮೂರು ಹೆಸರಿನ ಸುಂಕ ಬೀಳುತ್ತದೆ. ಮೂಲ ಆಮದು ಸುಂಕ ಶೇ 10, ಕೃಷಿ ಮೂಲಸೌಕರ್ಯ ಮತ್ತು ಅಭಿವೃದ್ಧಿ ಸೆಸ್ ಶೇ 5, ಇವೆರಡರ ಮೊತ್ತದ ಮೇಲೆ ಶೇ 10ರಷ್ಟು ಸಮಾಜ ಕಲ್ಯಾಣ ಮೇಲ್ತೆರಿಗೆ. ಹತ್ತು ಮತ್ತು ಐದು ಸೇರಿ ಹದಿನೈದು, ಅದರ ಹತ್ತನೇ ಒಂದು ಭಾಗ ಒಂದೂವರೆ, ಒಟ್ಟು ಶೇ 16.5. 2025ರ ಮೇ 30ರ ಅಧಿಸೂಚನೆ ತಂದ ದರ ಇದು. ಸುಂಕ 16,830 ರೂಪಾಯಿ ಸೇರಿ ಟನ್ನಿಗೆ 1,18,830, ಅಂದರೆ ಕಿಲೋಗೆ 118 ರೂಪಾಯಿ 83 ಪೈಸೆ. ಲೀಟರ್ ಎಣ್ಣೆ ತೂಗುವುದು ಸುಮಾರು 910 ಗ್ರಾಂ. ಆದ್ದರಿಂದ ಲೀಟರಿಗೆ 108 ರೂಪಾಯಿ. ಬಂದರಿನ ಖರ್ಚು, ಶುದ್ಧೀಕರಣ, ಪ್ಯಾಕೆಟ್, ಸಾಗಣೆ, ಕಂಪನಿಯ ಮತ್ತು ಅಂಗಡಿಯವರ ಲಾಭ, ಶೇ 5 ಜಿಎಸ್‌ಟಿ ಇವೆಲ್ಲ ಸೇರುವುದು ಇದರ ನಂತರ.

ಇದೇ ಲೆಕ್ಕದಿಂದ ಇನ್ನೆರಡು ಸಂಗತಿ ತಿಳಿಯುತ್ತವೆ. ಹೊರಗಿನ ಬೆಲೆ ಟನ್ನಿಗೆ 100 ಡಾಲರ್ ಏರಿದರೆ ಇಲ್ಲಿ ಲೀಟರಿಗೆ ಸುಮಾರು 9 ರೂಪಾಯಿ ಏರುತ್ತದೆ. ಹೊರಗೆ ಏನೂ ಬದಲಾಗದೆ ಡಾಲರ್ ಮಾತ್ರ ಒಂದು ರೂಪಾಯಿ ದುಬಾರಿಯಾದರೂ ಲೀಟರಿಗೆ ಒಂದೂಕಾಲು ರೂಪಾಯಿ ಹೆಚ್ಚುತ್ತದೆ. ಸುಂಕವನ್ನು ರೂಪಾಯಿಯ ಮೊತ್ತದ ಮೇಲೆ ಶೇಕಡಾವಾರು ಹಾಕುವುದರಿಂದ ರೂಪಾಯಿ ಕುಸಿದಾಗ ಸುಂಕವೂ ತಾನಾಗಿಯೇ ಬೆಳೆಯುತ್ತದೆ.

ಇನ್ನು ನಿಮ್ಮ ಬೀಜ. ಒಂದು ಕ್ವಿಂಟಲ್ ಒಳ್ಳೆಯ ಹೈಬ್ರಿಡ್ ಬೀಜದಿಂದ ದೊಡ್ಡ ಗಿರಣಿಯಲ್ಲಿ 38 ಕಿಲೋ ಎಣ್ಣೆ, 58 ಕಿಲೋ ಹಿಂಡಿ ಬರುತ್ತದೆ ಎಂದುಕೊಳ್ಳೋಣ. ಹಿಂಡಿಗೆ ಕಿಲೋಗೆ 25 ರೂಪಾಯಿಯಂತೆ 1,450 ರೂಪಾಯಿ ಸಿಕ್ಕಿತು, ಅರೆಯುವ ಖರ್ಚು ಕ್ವಿಂಟಲಿಗೆ 300 ಆಯಿತು ಎಂದು ಹಿಡಿಯಿರಿ. ಹಿಂಡಿಯ ದರ ಮತ್ತು ಅರೆಯುವ ಖರ್ಚು ನಾನು ಉದಾಹರಣೆಗಾಗಿ ಇಟ್ಟುಕೊಂಡವು. ನಿಮ್ಮ ಪೇಟೆಯ ದರ ಹಾಕಿದರೆ ಉತ್ತರ ಸ್ವಲ್ಪ ಆಚೀಚೆ ಆಗುತ್ತದೆ, ಆದರೆ ಚಿತ್ರ ಬದಲಾಗುವುದಿಲ್ಲ. ಬಂದರಿನ ಎಣ್ಣೆ ಕಿಲೋಗೆ 118.83 ಇದ್ದಾಗ 38 ಕಿಲೋ ಎಣ್ಣೆಯ ಬೆಲೆ 4,515 ರೂಪಾಯಿ. ಹಿಂಡಿಯ ಹಣ ಕೂಡಿಸಿ ಖರ್ಚು ಕಳೆದರೆ ಗಿರಣಿ ನಷ್ಟವಿಲ್ಲದೆ ನಿಮಗೆ ಕೊಡಬಹುದಾದ ಗರಿಷ್ಠ ದರ 5,665 ರೂಪಾಯಿ. 2025-26ರ ಹಂಗಾಮಿಗೆ ಕೇಂದ್ರ ಸರ್ಕಾರ ಘೋಷಿಸಿದ ಬೆಂಬಲ ಬೆಲೆ 7,721. ನಡುವಿನ ಅಂತರ ಎರಡು ಸಾವಿರಕ್ಕೂ ಹೆಚ್ಚು. ಯಾರೂ ಮೋಸ ಮಾಡದಿದ್ದರೂ, ತೂಕ ಸರಿಯಿದ್ದರೂ, ತೇವಾಂಶದ ನೆಪದಲ್ಲಿ ಒಂದು ರೂಪಾಯಿ ಕಡಿಯದಿದ್ದರೂ ಇರುವ ಅಂತರ ಇದು.

ಈ ಲೆಕ್ಕ ಕಾಗದದ ಮೇಲಿನದು ಮಾತ್ರವೇ ಎಂದು ನೀವು ಕೇಳಬಹುದು. ಕಳೆದ ಕೆಲವು ವರ್ಷಗಳ ಅನುಭವಕ್ಕೆ ಅದನ್ನು ಹಚ್ಚಿ ನೋಡಿ. 2022ರ ಬೇಸಿಗೆಯಲ್ಲಿ ಸೂರ್ಯಕಾಂತಿ ಎಣ್ಣೆ ಟನ್ನಿಗೆ 2,000 ಡಾಲರ್ ದಾಟಿದಾಗ ಸುಂಕ ಕೇವಲ ಶೇ 5.5 ಇದ್ದರೂ ಇದೇ ಸೂತ್ರದಂತೆ ಬೀಜಕ್ಕೆ ಏಳು ಸಾವಿರಕ್ಕೂ ಹೆಚ್ಚು ಬರುತ್ತದೆ. ಆಗಿನ ಬೆಂಬಲ ಬೆಲೆ 6,015 ರೂಪಾಯಿ ಮಾತ್ರ, ಖರೀದಿ ಕೇಂದ್ರದ ಅಗತ್ಯವೇ ಇರಲಿಲ್ಲ. ಮರುವರ್ಷ 2023ರ ಜೂನ್ ಹೊತ್ತಿಗೆ ಅದೇ ಎಣ್ಣೆ 1,000 ಡಾಲರಿಗಿಂತ ಕೆಳಕ್ಕೆ ಬಿತ್ತು. 950 ಡಾಲರ್, ಡಾಲರಿಗೆ 82 ರೂಪಾಯಿ, ಸುಂಕ ಶೇ 5.5 ಎಂದು ಹಾಕಿದರೆ ಬೀಜಕ್ಕೆ ಸುಮಾರು 4,270 ರೂಪಾಯಿ ಬರುತ್ತದೆ. ಹರಿಯಾಣದ ಕುರುಕ್ಷೇತ್ರದಲ್ಲಿ ಆ ತಿಂಗಳು ನಡೆದದ್ದು ಅದೇ. 6,400 ರೂಪಾಯಿ ಬೆಂಬಲ ಬೆಲೆಯ ಸೂರ್ಯಕಾಂತಿಯನ್ನು ವರ್ತಕರು ನಾಲ್ಕರಿಂದ ಐದು ಸಾವಿರಕ್ಕೆ ಕೇಳಿದರು. ಬೆಲೆಯ ಅಂತರ ತುಂಬಲು ರಾಜ್ಯ ಸರ್ಕಾರ ಕ್ವಿಂಟಲಿಗೆ ಸಾವಿರ ರೂಪಾಯಿ ಕೊರತೆ ಹಣ ಕೊಡುತ್ತೇವೆಂದರೂ ರೈತರು ಒಪ್ಪದೆ ಶಾಹಬಾದ್ ಬಳಿ ಹೆದ್ದಾರಿ ತಡೆದರು. ಅವರು ರಸ್ತೆಗಿಳಿಯಲು ಕಾರಣವಾದ ಬೆಲೆ ಹುಟ್ಟಿದ್ದು ಕುರುಕ್ಷೇತ್ರದ ಮಂಡಿಯಲ್ಲಿ ಅಲ್ಲ. ಯುದ್ಧದ ಭಯದಲ್ಲಿ ಉಳಿದುಹೋಗಿದ್ದ ಉಕ್ರೇನಿನ ದಾಸ್ತಾನು, ವಿಶ್ವಸಂಸ್ಥೆ ಮತ್ತು ತುರ್ಕಿಯ ಮಧ್ಯಸ್ಥಿಕೆಯಲ್ಲಿ 2022ರ ಜುಲೈನಲ್ಲಿ ತೆರೆದ ಧಾನ್ಯ ಮಾರ್ಗದ ಮೂಲಕ ಹೊರಬಂದು ಜಗತ್ತಿನ ಬೆಲೆಯನ್ನು ಕೆಡವಿತ್ತು.

ಸುಂಕದ ವಿಷಯದಲ್ಲಿ ನಿಮ್ಮ ಅಸಮಾಧಾನ ನ್ಯಾಯವಾದದ್ದು. 2022ರ ಮೇ ತಿಂಗಳಲ್ಲಿ ಹಣದುಬ್ಬರ ತಡೆಯಲೆಂದು ಸೋಯಾ ಮತ್ತು ಸೂರ್ಯಕಾಂತಿ ಕಚ್ಚಾ ಎಣ್ಣೆಗಳನ್ನು ವರ್ಷಕ್ಕೆ ತಲಾ 20 ಲಕ್ಷ ಟನ್ ಸುಂಕವಿಲ್ಲದೆ ತರಲು ಕೇಂದ್ರ ಅನುಮತಿಸಿತು. 2024ರ ಸೆಪ್ಟೆಂಬರ್ 14ರಿಂದ ಕಚ್ಚಾ ಎಣ್ಣೆಗಳ ಒಟ್ಟು ಸುಂಕ ಶೇ 5.5ರಿಂದ ಒಮ್ಮೆಲೇ ಶೇ 27.5ಕ್ಕೆ ಏರಿತು, ಶುದ್ಧೀಕರಿಸಿದ ಎಣ್ಣೆಯದು ಶೇ 13.75ರಿಂದ ಶೇ 35.75ಕ್ಕೆ ಹೋಯಿತು. ಎಂಟೂವರೆ ತಿಂಗಳಾಗುವಷ್ಟರಲ್ಲಿ ಕಚ್ಚಾ ಎಣ್ಣೆಯ ಸುಂಕ ಶೇ 16.5ಕ್ಕೆ ಇಳಿಯಿತು, ಶುದ್ಧೀಕರಿಸಿದ ಎಣ್ಣೆಯದು ಹಾಗೆಯೇ ಉಳಿಯಿತು. ಕಚ್ಚಾ ಮತ್ತು ಶುದ್ಧ ಎಣ್ಣೆಗಳ ಸುಂಕದ ಅಂತರ ಇದರಿಂದ ಶೇ 8.25ರಿಂದ ಶೇ 19.25ಕ್ಕೆ ಹಿಗ್ಗಿತು. ಇದು ಮಂಗಳೂರು, ಕಾಕಿನಾಡ, ಕೃಷ್ಣಪಟ್ಟಣ, ಕಾಂಡ್ಲಾ ಮುಂತಾದ ಬಂದರುಗಳ ಆಸುಪಾಸಿನ ಶುದ್ಧೀಕರಣ ಘಟಕಗಳಿಗೆ ಕೆಲಸ ಸಿಗುವಂತೆ ಮಾಡುವ ಕ್ರಮ, ಅದರಲ್ಲಿ ತಪ್ಪೇನೂ ಇಲ್ಲ. ಆದರೆ ಅದನ್ನು ಎಣ್ಣೆಬೀಜ ಬೆಳೆಗಾರರ ರಕ್ಷಣೆ ಎಂದು ಕರೆಯಲಾಗದು. ಬೀಜದ ಧಾರಣೆಯನ್ನು ಎತ್ತುವುದು ಅಥವಾ ಇಳಿಸುವುದು ಕಚ್ಚಾ ಎಣ್ಣೆಯ ಸುಂಕ ಮಾತ್ರ.

ಏರಿಕೆ ಬೇಗ, ಇಳಿಕೆ ನಿಧಾನ ಏಕೆ ಎಂಬುದಕ್ಕೆ ಉತ್ತರ ದಾಸ್ತಾನಿನಲ್ಲಿದೆ. ಬಂದರಿನ ಟ್ಯಾಂಕುಗಳಲ್ಲಿ, ಘಟಕಗಳಲ್ಲಿ, ಸಗಟು ಗೋದಾಮುಗಳಲ್ಲಿ ಮತ್ತು ಸಮುದ್ರದ ಮೇಲೆ ಯಾವಾಗಲೂ ಹಲವು ವಾರಗಳ ಬಳಕೆಗಾಗುವಷ್ಟು ಎಣ್ಣೆ ಇರುತ್ತದೆ. ಸುಂಕ ಏರಿದ ದಿನ ವರ್ತಕ ಹಳೆಯ ದಾಸ್ತಾನಿಗೂ ಹೊಸ ದರ ಕೇಳುತ್ತಾನೆ. ಇದನ್ನು ಮಾರಿ ಮುಂದೆ ತರುವ ಸರಕಿಗೆ ಆ ಹಣ ಬೇಕು ಎಂಬುದು ಅವನ ವಾದ. ಸುಂಕ ಇಳಿದ ದಿನ ಅದೇ ವರ್ತಕ ‘ಹೆಚ್ಚಿನ ಸುಂಕ ಕಟ್ಟಿ ತಂದ ಸರಕು ಮುಗಿಯಲಿ’ ಎನ್ನುತ್ತಾನೆ. ಎರಡು ವಾದಗಳೂ ಒಟ್ಟಿಗೆ ಸರಿಯಿರಲಾರವು. 2024ರ ಸೆಪ್ಟೆಂಬರ್‌ನಲ್ಲಿ ಕೇಂದ್ರ ಆಹಾರ ಇಲಾಖೆ ಇದನ್ನೇ ಹೇಳಿತು: ಕಡಿಮೆ ಸುಂಕದಲ್ಲಿ ಬಂದ ಸುಮಾರು 30 ಲಕ್ಷ ಟನ್ ಎಣ್ಣೆ ದೇಶದಲ್ಲಿದೆ, ಅದು 45ರಿಂದ 50 ದಿನಗಳಿಗೆ ಸಾಕು, ಅಲ್ಲಿಯವರೆಗೆ ಗರಿಷ್ಠ ಮಾರಾಟ ದರ ಏರಿಸಬೇಡಿ ಎಂದು ಕಂಪನಿಗಳಿಗೆ ಸೂಚಿಸಿತು. ಪೇಟೆಯಲ್ಲಿ ದರ ಏರಿದ ವೇಗವನ್ನು ನೀವು ಕಂಡಿದ್ದೀರಿ. ಸೂಚನೆ ಕೊಡುವುದರ ಜೊತೆಗೆ ಏರಿಕೆಯ ದಿನದ ದಾಸ್ತಾನನ್ನು ಘೋಷಿಸುವಂತೆ ಮಾಡಿ, ಅದು ಕರಗುವವರೆಗೆ ದರವನ್ನು ಪರಿಶೀಲಿಸುವ ವ್ಯವಸ್ಥೆ ಇರಬೇಕಿತ್ತು ಎಂಬುದು ನನ್ನ ಅಭಿಪ್ರಾಯ.

ಹಾಗಾದರೆ ಸುಂಕವನ್ನು ಇನ್ನಷ್ಟು ಏರಿಸಿದರೆ ನಿಮ್ಮ ಸಮಸ್ಯೆ ತೀರುತ್ತದೆಯೇ? ಮೇಲಿನ ಸೂತ್ರವನ್ನೇ ತಿರುಗಿಸಿ ನೋಡಿ. ಶೇ 27.5 ಸುಂಕದಲ್ಲಿ ಗಿರಣಿ ಕೊಡಬಹುದಾದ ದರ ಸುಮಾರು 6,090 ರೂಪಾಯಿ. 1,200 ಡಾಲರ್ ಎಣ್ಣೆಯ ಎದುರು 7,721 ರೂಪಾಯಿ ಬೀಜದ ಗಿರಣಿ ಉಳಿಯಬೇಕಾದರೆ ಸುಂಕ ಶೇ 70ರ ಹತ್ತಿರ ಇರಬೇಕಾಗುತ್ತದೆ. ವಿಶ್ವ ವ್ಯಾಪಾರ ಸಂಸ್ಥೆಯ ಒಪ್ಪಂದದಂತೆ ಸೂರ್ಯಕಾಂತಿ ಮತ್ತು ತಾಳೆ ಎಣ್ಣೆಗೆ ಭಾರತ ಶೇ 300ರವರೆಗೂ ಸುಂಕ ಹಾಕಬಹುದು, ಆದರೆ ಸೋಯಾ ಎಣ್ಣೆಗೆ ನಾವು ಒಪ್ಪಿಕೊಂಡ ಮಿತಿ ಶೇ 45. ಸೂರ್ಯಕಾಂತಿ ಎಣ್ಣೆಯೊಂದಕ್ಕೇ ಸುಂಕ ಏರಿಸಿದರೆ ಜನ ಸೋಯಾ ಎಣ್ಣೆಗೆ ಹೊರಳುತ್ತಾರೆ. ಹೀಗಾಗಿ ಎಣ್ಣೆ ದುಬಾರಿಯಾದರೂ ಬೀಜದ ಬೇಡಿಕೆ ನಿರೀಕ್ಷಿಸಿದಷ್ಟು ಹೆಚ್ಚುವುದಿಲ್ಲ. ಅದಲ್ಲದೆ ಶುದ್ಧೀಕರಿಸಿದ ಎಣ್ಣೆ ದಕ್ಷಿಣ ಏಷ್ಯಾದ ಮುಕ್ತ ವ್ಯಾಪಾರ ಒಪ್ಪಂದದಡಿ ನೇಪಾಳದ ಮೂಲಕ ಸುಂಕವಿಲ್ಲದೆ ಒಳಬರುತ್ತದೆ. ಇಲ್ಲಿ ಸುಂಕ ಏರಿದಷ್ಟೂ ಆ ದಾರಿಯ ಲಾಭ ಹೆಚ್ಚುತ್ತದೆ, 2024ರ ಸೆಪ್ಟೆಂಬರ್ ನಂತರ ಕಂಡದ್ದೂ ಅದೇ.

ಸುಂಕ ಬೇಡ ಎಂದು ನಾನು ಹೇಳುತ್ತಿಲ್ಲ. ಅದು ಯಾವಾಗ ಬದಲಾಗುತ್ತದೆ ಎಂಬುದು ಎಷ್ಟು ಎಂಬುದರಷ್ಟೇ ಮುಖ್ಯ. ಮೇ ಕೊನೆಯಲ್ಲಿ, ಮುಂಗಾರು ಬಿತ್ತನೆಗೆ ರೈತ ಬೀಜದ ಚೀಲ ಕೊಳ್ಳುವ ದಿನಗಳಲ್ಲಿ, ಸುಂಕವನ್ನು ಶೇ 11ರಷ್ಟು ಇಳಿಸಿದರೆ ಅವನು ಎಣ್ಣೆಬೀಜ ಬಿಟ್ಟು ಮೆಕ್ಕೆಜೋಳಕ್ಕೆ ಹೋಗುತ್ತಾನೆ. ಒಮ್ಮೆ ಬಿತ್ತಿದ ಮೇಲೆ ಸುಂಕ ಏರಿದರೂ ಅವನಿಗೆ ಪ್ರಯೋಜನವಿಲ್ಲ. ಹೊರಗಿನ ಬೆಲೆ ಇಷ್ಟಕ್ಕೆ ಇಳಿದರೆ ಸುಂಕ ಇಷ್ಟು, ಇಷ್ಟಕ್ಕೆ ಏರಿದರೆ ಇಷ್ಟು ಎಂದು ಮೊದಲೇ ಪ್ರಕಟಿಸಿದ ನಿಯಮವೊಂದಿದ್ದರೆ ಗಿರಣಿಯೂ ರೈತನೂ ಅದನ್ನು ನೋಡಿಕೊಂಡು ನಿರ್ಧರಿಸಬಹುದಿತ್ತು. ಉಳಿದ ಅಂತರಕ್ಕೆ ಬೆಂಬಲ ಬೆಲೆಯ ಖರೀದಿ ಅಥವಾ ಕೊರತೆ ಪಾವತಿಯೇ ದಾರಿ. ಕೇಂದ್ರದ ಬೆಂಬಲ ಬೆಲೆ ಖರೀದಿ ಯೋಜನೆಯಲ್ಲಿ ಉತ್ಪಾದನೆಯ ಕಾಲು ಭಾಗದ ಮಿತಿಯಿದೆ ಎಂಬುದನ್ನು ನೆನಪಿಡಿ; ಖರೀದಿ ಕೇಂದ್ರ ತೆರೆದ ಸುದ್ದಿ ಬಂದ ಕೂಡಲೇ ನೋಂದಣಿ ಮಾಡಿಸಿದವರಿಗಷ್ಟೇ ಅದು ದಕ್ಕುತ್ತದೆ.

ಈ ಅಂತರದ ಇನ್ನೊಂದು ಮೂಲ ನಮ್ಮ ಹೊಲಗಳಲ್ಲೇ ಇದೆ, ಅದನ್ನು ಹೇಳದಿದ್ದರೆ ಉತ್ತರ ಪೂರ್ತಿಯಾಗದು. 1986ರಲ್ಲಿ ಎಣ್ಣೆಬೀಜಗಳ ತಂತ್ರಜ್ಞಾನ ಮಿಷನ್ ಆರಂಭವಾದ ಮೇಲೆ ಕೆಲವೇ ವರ್ಷಗಳಲ್ಲಿ ದೇಶ ಎಣ್ಣೆಯಲ್ಲಿ ಬಹುತೇಕ ಸ್ವಾವಲಂಬಿಯಾಗಿತ್ತು. ಆಗ ಸೂರ್ಯಕಾಂತಿಯ ವಿಸ್ತೀರ್ಣ ದೇಶದಲ್ಲಿ 25 ಲಕ್ಷ ಹೆಕ್ಟೇರ್ ದಾಟಿತ್ತು, ಅದರ ದೊಡ್ಡ ಪಾಲು ಕರ್ನಾಟಕದ್ದು. ದೇಶದ ಮೊದಲ ಸೂರ್ಯಕಾಂತಿ ಹೈಬ್ರಿಡ್ ಬಿಎಸ್‌ಎಚ್-1 ಬೆಂಗಳೂರಿನ ಕೃಷಿ ವಿಶ್ವವಿದ್ಯಾಲಯದಿಂದ 1980ರಲ್ಲಿ ಬಂದದ್ದು. 1994ರಲ್ಲಿ ಪಾಮೊಲಿನ್, ಅಂದರೆ ಶುದ್ಧೀಕರಿಸಿದ ತಾಳೆ ಎಣ್ಣೆಯ ಆಮದನ್ನು ಶೇ 65 ಸುಂಕದೊಡನೆ ಖಾಸಗಿಯವರಿಗೆ ತೆರೆದರು. ನಾಲ್ಕೇ ವರ್ಷಗಳಲ್ಲಿ ಆ ಸುಂಕ ಶೇ 15ಕ್ಕೆ ಇಳಿಯಿತು. ಅದೇ ಹೊತ್ತಿಗೆ, 1997ರಲ್ಲಿ, ಬಾಗೇಪಲ್ಲಿಯ ಹೊಲಗಳಲ್ಲಿ ಮೊದಲು ಕಾಣಿಸಿಕೊಂಡ ನೆಕ್ರೋಸಿಸ್ ನಂಜುರೋಗ ದಕ್ಷಿಣದ ಜಿಲ್ಲೆಗಳಿಗೆಲ್ಲ ಹಬ್ಬಿ ತೆನೆಯನ್ನು ತಿರುಚಿ ಬೆಳೆಯನ್ನೇ ಅಳಿಸಿತು. ಗಿಳಿಗಳ ಕಾಟ, ಜೊಳ್ಳು ಕಾಳಿನ ಸಮಸ್ಯೆ ಮೊದಲಿನಿಂದಲೂ ಇದ್ದವು. ಇಂದು ದೇಶದ ವಿಸ್ತೀರ್ಣ ಎರಡು ಮೂರು ಲಕ್ಷ ಹೆಕ್ಟೇರುಗಳಿಗೆ ಕುಗ್ಗಿದೆ. ಇಳುವರಿ ಹೆಕ್ಟೇರಿಗೆ ಹತ್ತು ಕ್ವಿಂಟಲಿನ ಆಸುಪಾಸಿನಲ್ಲೇ ನಿಂತಿದೆ; ಉಕ್ರೇನಿನ ರೈತ ಅದರ ಎರಡು ಪಟ್ಟು ತೆಗೆಯುತ್ತಾನೆ. ಅವನಿಗೆ ಕ್ವಿಂಟಲಿಗೆ ನಾಲ್ಕು ಸಾವಿರ ಸಿಕ್ಕರೂ ಎಕರೆಯ ಲೆಕ್ಕದಲ್ಲಿ ಗಿಟ್ಟುತ್ತದೆ, ನಮಗೆ ಗಿಟ್ಟುವುದಿಲ್ಲ. 2024ರ ಅಕ್ಟೋಬರ್‌ನಲ್ಲಿ 10,103 ಕೋಟಿ ರೂಪಾಯಿಯ ಎಣ್ಣೆಬೀಜ ಮಿಷನ್‌ಗೆ ಕೇಂದ್ರ ಒಪ್ಪಿಗೆ ಕೊಟ್ಟಿದೆ. ಅದರ ಹಣ ಸೂರ್ಯಕಾಂತಿಯಲ್ಲಿ ರೋಗ ತಡೆಯುವ, ಕಾಳು ಚೆನ್ನಾಗಿ ತುಂಬುವ ಹೈಬ್ರಿಡ್‌ಗಳಿಗೆ ಹೋಗಬೇಕು ಎಂದು ನಾನು ಒತ್ತಿ ಹೇಳುತ್ತೇನೆ.

ಮುಂದಿನ ಬೆಲೆಯ ಸೂಚನೆಗಳು ಎಲ್ಲಿ ಸಿಗುತ್ತವೆ ಎಂಬುದನ್ನು ಈಗ ನೋಡೋಣ. ಸೂರ್ಯಕಾಂತಿಯ ದರವನ್ನು ಅದರಿಂದಲೇ ತಿಳಿಯಲಾಗದು, ತಾಳೆ ಮತ್ತು ಸೋಯಾ ಎಣ್ಣೆಗಳನ್ನು ಜೊತೆಗಿಟ್ಟು ನೋಡಬೇಕು. ಇಂಡೋನೇಷ್ಯಾ 2025ರಿಂದ ತನ್ನ ಡೀಸೆಲ್‌ನಲ್ಲಿ ಶೇ 40ರಷ್ಟು ತಾಳೆ ಎಣ್ಣೆಯ ಜೈವಿಕ ಇಂಧನ ಬೆರೆಸುತ್ತಿದೆ, ಅದಕ್ಕೆ ಮುನ್ನ ಆ ಪ್ರಮಾಣ ಶೇ 35 ಇತ್ತು. ಅಷ್ಟು ಎಣ್ಣೆ ರಫ್ತಿಗೆ ಸಿಗುವುದಿಲ್ಲ. ಸದಾ ಅಗ್ಗವಾಗಿರುತ್ತಿದ್ದ ತಾಳೆ ಎಣ್ಣೆ 2024-25ರಲ್ಲಿ ಹಲವು ತಿಂಗಳು ಸೋಯಾ ಎಣ್ಣೆಗಿಂತ ದುಬಾರಿಯಾದದ್ದು ಇದೇ ಕಾರಣಕ್ಕೆ. ಆ ವರ್ಷ ನಮ್ಮ ತಾಳೆ ಎಣ್ಣೆ ಆಮದು ಹಿಂದಿನ ವರ್ಷದ ಸುಮಾರು 90 ಲಕ್ಷ ಟನ್ನಿನಿಂದ 76 ಲಕ್ಷ ಟನ್ನಿಗೆ ಇಳಿಯಿತು, ಸೋಯಾ ಎಣ್ಣೆಯದು 34 ಲಕ್ಷದಿಂದ ಸುಮಾರು 55 ಲಕ್ಷ ಟನ್ನಿಗೆ ಜಿಗಿಯಿತು. ಅರ್ಜೆಂಟೀನಾದ ರಫ್ತು ತೆರಿಗೆಯೂ ಗಮನಿಸಬೇಕಾದ ವಿಷಯ. 2025ರ ಸೆಪ್ಟೆಂಬರ್ ಕೊನೆಯಲ್ಲಿ ಅಲ್ಲಿನ ಸರ್ಕಾರ ಡಾಲರ್ ಕೊರತೆ ನೀಗಲು 700 ಕೋಟಿ ಡಾಲರ್ ಮೌಲ್ಯದ ಮಾರಾಟದವರೆಗೆ ಎಂದು ತೆರಿಗೆಯನ್ನೇ ತೆಗೆದುಹಾಕಿತು, ಆ ಮಿತಿ ಮೂರೇ ದಿನಗಳಲ್ಲಿ ತುಂಬಿತು, ಕೊಂಡವರಲ್ಲಿ ಭಾರತದ ಆಮದುದಾರರೂ ಇದ್ದರು. ನಿಮ್ಮ ಮುಂಗಾರು ಬೆಳೆ ಪೇಟೆಗೆ ಬರುವ ಹೊತ್ತದು.

ಹಂಗಾಮಿನ ಲೆಕ್ಕವನ್ನೂ ಇಟ್ಟುಕೊಳ್ಳಿ. ಉಕ್ರೇನ್ ಮತ್ತು ರಷ್ಯಾದಲ್ಲಿ ಸೂರ್ಯಕಾಂತಿ ಕಟಾವು ಸೆಪ್ಟೆಂಬರ್, ಅಕ್ಟೋಬರ್‌ನಲ್ಲಿ. ತಾಳೆಯ ಇಳುವರಿಯೂ ಆ ತಿಂಗಳುಗಳಲ್ಲೇ ಏರುತ್ತದೆ, ಅಮೆರಿಕದ ಸೋಯಾ ಕೂಡ ಆಗಲೇ ಬರುತ್ತದೆ. ನಮ್ಮ ಉತ್ತರ ಕರ್ನಾಟಕದ ಮುಂಗಾರು ಸೂರ್ಯಕಾಂತಿ ಆವಕವಾಗುವುದೂ ಆ ಸಮಯಕ್ಕೇ ಆದ್ದರಿಂದ ಎಲ್ಲ ಒತ್ತಡ ಒಟ್ಟಿಗೆ ಬೀಳುತ್ತದೆ. ಏಪ್ರಿಲ್, ಮೇ ಮಳೆಗೆ ಬಿತ್ತಿ ಆಗಸ್ಟಿನೊಳಗೆ ಮಾರುವ ಗುಂಡ್ಲುಪೇಟೆ ಕಡೆಯವರಿಗೆ ಈ ಒಂದು ಅನುಕೂಲವಿದೆ. ಜುಲೈ, ಆಗಸ್ಟಿನಲ್ಲಿ ಕಪ್ಪು ಸಮುದ್ರದ ಕಡೆ ಬರ ಎಂಬ ಸುದ್ದಿ ಬಂದರೆ, ನವೆಂಬರಿನ ನಂತರ ಆಮದು ಎಣ್ಣೆ ದುಬಾರಿಯಾಗುವ ಸಾಧ್ಯತೆಯಿದೆ. ಅಂಥ ವರ್ಷ ಬೀಜವನ್ನು ಚೆನ್ನಾಗಿ ಒಣಗಿಸಿ ಕೆಲವು ವಾರ ಇಟ್ಟುಕೊಳ್ಳುವುದರಲ್ಲಿ ಅರ್ಥವಿದೆ. ಅಂಥ ಸುದ್ದಿ ಇಲ್ಲದ ವರ್ಷ ಕಾದು ಕೂತರೆ ಬಡ್ಡಿ ಬೆಳೆಯುತ್ತದೆಯೇ ಹೊರತು ಧಾರಣೆ ಬೆಳೆಯುವುದಿಲ್ಲ.

ಮುಂದಿನ ತಿಂಗಳುಗಳ ದರವನ್ನು ರೂಪಾಯಿಯಲ್ಲಿ ತೋರಿಸುವ ಸಾರ್ವಜನಿಕ ಪೇಟೆ ನಮ್ಮಲ್ಲಿ ದುರ್ಬಲವಾಗಿದೆ. ಸೋಯಾ, ಸಾಸಿವೆ, ಕಚ್ಚಾ ತಾಳೆ ಎಣ್ಣೆಗಳ ವಾಯಿದಾ ವಹಿವಾಟನ್ನು 2021ರ ಡಿಸೆಂಬರ್‌ನಲ್ಲಿ ಷೇರು ಮತ್ತು ಸರಕು ಪೇಟೆಗಳ ನಿಯಂತ್ರಕ ಸಂಸ್ಥೆ ಸೆಬಿ ನಿಲ್ಲಿಸಿ, ನಂತರ ಆ ತಡೆಯನ್ನು ಮತ್ತೆ ಮತ್ತೆ ಮುಂದುವರಿಸಿತು. ದೊಡ್ಡ ಆಮದುದಾರರು ಕ್ವಾಲಾಲಂಪುರ, ಶಿಕಾಗೋ ವಾಯಿದಾ ಪೇಟೆಗಳಲ್ಲಿ ದರದ ಏರಿಳಿತದಿಂದ ತಮ್ಮ ರಕ್ಷಣೆ ಮಾಡಿಕೊಳ್ಳುತ್ತಾರೆ, ಸಣ್ಣ ಗಿರಣಿ ಮತ್ತು ರೈತರಿಗೆ ಆ ಅನುಕೂಲವಿಲ್ಲ. ತಾಳೆ ಮತ್ತು ಕಚ್ಚಾ ಸೋಯಾ ಎಣ್ಣೆಗಳಿಗೆ ಸುಂಕ ಹಾಕಲು ಹಿಡಿಯುವ ಡಾಲರ್ ದರವನ್ನು ಕೇಂದ್ರ ಪರೋಕ್ಷ ತೆರಿಗೆ ಮತ್ತು ಸೀಮಾಸುಂಕ ಮಂಡಳಿ ಹದಿನೈದು ದಿನಕ್ಕೊಮ್ಮೆ ಪ್ರಕಟಿಸುತ್ತದೆ. ಮಲೆನಾಡಿನ ಬೆಳೆಗಾರರು ನೋಡುವ ಆಮದು ಅಡಿಕೆಯ ದರವೂ ಅದೇ ಅಧಿಸೂಚನೆಯಲ್ಲಿರುತ್ತದೆ. ಸೂರ್ಯಕಾಂತಿ ಎಣ್ಣೆ ಆ ಪಟ್ಟಿಯಲ್ಲಿಲ್ಲ, ಅದಕ್ಕೆ ಖರೀದಿಯ ಬಿಲ್ಲಿನ ದರದ ಮೇಲೆಯೇ ಸುಂಕ. ಆದರೂ ಸೋಯಾ ಎಣ್ಣೆಯ ಅಂಕಿ ನಿಮಗೆ ದಿಕ್ಕು ತೋರಿಸುತ್ತದೆ.

ನಿಮ್ಮ ತಮ್ಮನಿಗೆ ಒಂದು ಮಾತು. ಪ್ಯಾಕೆಟ್ ಕೊಳ್ಳುವಾಗ ಬೆಲೆಗೆ ಮುನ್ನ ತೂಕ ನೋಡಲಿ. ಎಣ್ಣೆ ದುಬಾರಿಯಾದಾಗಲೆಲ್ಲ ಒಂದು ಲೀಟರಿನ 910 ಗ್ರಾಂ ಬದಲು 850, 800 ಗ್ರಾಂ ತುಂಬಿದ, ನೋಡಲು ಅಷ್ಟೇ ದೊಡ್ಡ ಪ್ಯಾಕೆಟ್‌ಗಳು ಪೇಟೆಗೆ ಬರುತ್ತವೆ. 800 ಗ್ರಾಮಿನ ಪ್ಯಾಕೆಟ್ ಹತ್ತು ರೂಪಾಯಿ ಅಗ್ಗವಾಗಿ ಕಂಡರೂ ಗ್ರಾಂ ಲೆಕ್ಕದಲ್ಲಿ ದುಬಾರಿಯಾಗಿರಬಹುದು, ಗಿರಾಕಿಗೆ ಅದನ್ನು ತೂಕದ ಲೆಕ್ಕದಲ್ಲಿ ಹೇಳಿಯೇ ಮಾರಲಿ.

ಕೊನೆಯದಾಗಿ ನಿಮ್ಮ ಬಿತ್ತನೆಯ ಪ್ರಶ್ನೆ. ಬಿತ್ತನೆಗೆ ಎರಡು ವಾರ ಮುಂಚೆ ಆ ದಿನದ ಡಾಲರ್ ದರ, ಕಚ್ಚಾ ಎಣ್ಣೆಯ ಬಂದರು ದರ ಮತ್ತು ಜಾರಿಯಲ್ಲಿರುವ ಸುಂಕ ಈ ಮೂರನ್ನು ತೆಗೆದುಕೊಂಡು ಮೇಲೆ ತೋರಿಸಿದಂತೆ ಗಿರಣಿ ಕೊಡಬಲ್ಲ ದರವನ್ನು ಲೆಕ್ಕ ಹಾಕಿ. ಅದು ನಿಮ್ಮ ಖರ್ಚಿಗಿಂತ ಕನಿಷ್ಠ ಐದುನೂರು ರೂಪಾಯಿ ಮೇಲಿದ್ದರೆ ಖರೀದಿ ಕೇಂದ್ರ ತೆರೆಯದಿದ್ದರೂ ನೀವು ಮುಳುಗುವುದಿಲ್ಲ. ಅದಕ್ಕಿಂತ ಕೆಳಗಿದ್ದರೆ ಬೆಂಬಲ ಬೆಲೆಯೊಂದನ್ನೇ ನಂಬಿ ಇಡೀ ಹೊಲಕ್ಕೆ ಸೂರ್ಯಕಾಂತಿ ಹಾಕಬೇಡಿ. ಖರೀದಿ ಕೇಂದ್ರದಲ್ಲಿ ನಿಮ್ಮ ಹೆಸರಿಗೆ ಎಷ್ಟು ಕ್ವಿಂಟಲ್ ಮಾರಬಹುದೋ ಅಷ್ಟು ಬರುವಷ್ಟು ನೆಲಕ್ಕೆ ಅದನ್ನು ಸೀಮಿತಗೊಳಿಸಿ, ಉಳಿದದ್ದಕ್ಕೆ ಹಿಂಗಾರಿನಲ್ಲಾದರೆ ಕಡಲೆ ಅಥವಾ ಕುಸುಬೆ, ಮುಂಗಾರಿನಲ್ಲಾದರೆ ಹೆಸರು ನೋಡಿ. ಬೆಳೆ ಸಮೀಕ್ಷೆಯಲ್ಲಿ ಸೂರ್ಯಕಾಂತಿಯ ಹೊಲ ಸರಿಯಾಗಿ ದಾಖಲಾಗಿದೆಯೇ ಎಂಬುದನ್ನು ಕಟಾವಿಗೆ ಮುನ್ನವೇ ನೋಡಿಕೊಳ್ಳಿ, ಅಲ್ಲಿ ಬೇರೆ ಬೆಳೆ ನಮೂದಾಗಿದ್ದರೆ ಕೇಂದ್ರದಲ್ಲಿ ನಿಮ್ಮ ಬೀಜ ತೆಗೆದುಕೊಳ್ಳುವುದಿಲ್ಲ.